ಕಣ್ಣುಪಟ್ಟಿಯ ಹಿಂದಿನ ಹುಸಿ ದರ್ಶನ

ಜ್ಞಾನದ ಹೆಸರಿನಲ್ಲಿ ಅಜ್ಞಾನವು ಮಾರಾಟವಾಗುವುದು ಲೋಕಕ್ಕೆ ಹೊಸ ಸಂಗತಿಯೇನೂ ಅಲ್ಲ. ಆದರೆ ಆ ವ್ಯಾಪಾರಕ್ಕೆ ಎಳೆಯ ಮಕ್ಕಳನ್ನೇ ಸಾಧನವಾಗಿ ಮಾಡಿಕೊಂಡಾಗಲೂ ಮೌನವಾಗಿರುವುದು ಸಜ್ಜನರಿಗೆ ಶೋಭಿಸದು.

2010ರ ನಂತರದ ವರ್ಷಗಳಲ್ಲಿ ‘ಮಿಡ್‌ಬ್ರೈನ್ ಆ್ಯಕ್ಟಿವೇಷನ್’ ಎಂಬ ತರಬೇತಿಯು ಕರ್ನಾಟಕದ ನಗರಗಳಲ್ಲಿ ಬಹಳ ಪ್ರಚಾರ ಪಡೆಯಿತು. ಕಣ್ಣಿಗೆ ಪಟ್ಟಿ ಕಟ್ಟಿಕೊಂಡ ಮಗುವು ಪುಸ್ತಕವನ್ನು ಓದುತ್ತದೆ, ಬಣ್ಣಗಳನ್ನು ಗುರುತಿಸುತ್ತದೆ; ಅದರ ಮೂರನೆಯ ಕಣ್ಣು ತೆರೆದಿದೆ ಎಂಬುದು ಇದರ ಘೋಷಣೆ. ಮಂಗಳೂರಿನ ವಿಚಾರವಾದಿ ನರೇಂದ್ರ ನಾಯಕರು ಇದರ ಹುಸಿಯನ್ನು ಸಾರ್ವಜನಿಕವಾಗಿ ಬಯಲಿಗೆಳೆದರು. ಆದರೂ ಅದರ ಮೋಹ ಅಳಿದಿಲ್ಲ. ‘ವಿಚಾರವಾದಿಗಳ ಮಾತು ಆಸ್ತಿಕರಿಗೇಕೆ? ಇದು ನಮ್ಮ ಪ್ರಾಚೀನ ದರ್ಶನವಲ್ಲವೇ?’ ಎಂದು ಕೇಳುವವರಿದ್ದಾರೆ. ಆದುದರಿಂದ ದರ್ಶನಗಳ ನೆಲೆಯಲ್ಲಿಯೇ ಇದನ್ನು ಪರೀಕ್ಷಿಸೋಣ.

ಬೆಳಕು ಮತ್ತು ಕಾಣ್ಕೆಗಳ ವಿಷಯದಲ್ಲಿ ನಮ್ಮ ಪೂರ್ವಿಕರು ಶತಮಾನಗಳ ಕಾಲ ವಾದ ಮಾಡಿದ್ದಾರೆ. ಕಣ್ಣಿನ ತೇಜಸ್ಸು ಹೊರಟು ವಸ್ತುವನ್ನು ಮುಟ್ಟುತ್ತದೆಂದು ನೈಯಾಯಿಕರು ಹೇಳಿದರು. ಕಣ್ಣು ವಸ್ತುವನ್ನು ಮುಟ್ಟದೆಯೇ ಅರಿಯುತ್ತದೆಂದು ಜೈನರೂ ಬೌದ್ಧರೂ ಪ್ರತಿಪಾದಿಸಿದರು. ವಸ್ತುವಿನಿಂದ ಬಂದ ಬೆಳಕೇ ಕಣ್ಣನ್ನು ಪ್ರವೇಶಿಸುತ್ತದೆಂದು ಹನ್ನೊಂದನೆಯ ಶತಮಾನದಲ್ಲಿ ಅರಬ್ ವಿದ್ವಾಂಸ ಇಬ್ನ್ ಅಲ್ ಹೈತಮ್ ಸಾಧಿಸಿದನು. ಇಂದಿನ ವಿಜ್ಞಾನವು ಒಪ್ಪುವುದು ಈ ಮಾತನ್ನೇ. ಇಷ್ಟೆಲ್ಲ ಭಿನ್ನಾಭಿಪ್ರಾಯಗಳ ನಡುವೆಯೂ ಒಂದು ವಿಷಯದಲ್ಲಿ ಎಲ್ಲರೂ ಒಮ್ಮತದವರು: ರೂಪವು ಕಣ್ಣಿನ ವಿಷಯ. ಮುಚ್ಚಿದ ಕಣ್ಣಿನಿಂದ ಪಾಠದ ಪುಸ್ತಕ ಓದಬಹುದೆಂಬ ಹೊಸ ‘ದರ್ಶನ’ವು ಇವರಾರದೂ ಅಲ್ಲ.

ನ್ಯಾಯಶಾಸ್ತ್ರವು ಯೋಗಜ ಪ್ರತ್ಯಕ್ಷವನ್ನು ಅಂಗೀಕರಿಸಿಲ್ಲವೇ ಎಂದು ಪ್ರತಿವಾದಿಗಳು ಕೇಳಬಹುದು. ಅಂಗೀಕರಿಸಿದೆ, ದಿಟ. ಆದರೆ ಅದು ದೀರ್ಘಕಾಲದ ಯೋಗಸಾಧನೆಯ ಫಲವೆಂದು ಹೇಳಿದೆಯೇ ಹೊರತು, ಶುಲ್ಕ ತೆತ್ತು ಕೆಲವೇ ದಿನಗಳಲ್ಲಿ ಪಡೆಯುವ ವಿದ್ಯೆಯೆಂದಲ್ಲ. ಯೋಗಿಯ ಹೆಸರು ಹೇಳಿ ಅಂಗಡಿ ತೆರೆಯುವವನು ಯೋಗಕ್ಕೂ ದ್ರೋಹ ಬಗೆಯುತ್ತಾನೆ, ಶಾಸ್ತ್ರಕ್ಕೂ ದ್ರೋಹ ಬಗೆಯುತ್ತಾನೆ.

ಇನ್ನು ನಮ್ಮ ಷಟ್‌ಸ್ಥಲ ಸಿದ್ಧಾಂತವನ್ನು ನೋಡಿರಿ. ಅಲ್ಲಿ ಶಿವಲಿಂಗಕ್ಕೆ ನೇತ್ರವೇ ಮುಖ, ಅಗ್ನಿಯೇ ತತ್ತ್ವ, ರೂಪವೇ ಅರ್ಪಿತದ್ರವ್ಯ. ಇಂದ್ರಿಯಗಳನ್ನು ಹಳಿಯದೆ ಅವುಗಳನ್ನೇ ಲಿಂಗಮುಖಗಳನ್ನಾಗಿ ಮಾಡಿದ್ದು ಶರಣರ ಹಿರಿಮೆ. ಕಣ್ಣಿಲ್ಲದೆ ರೂಪ ಕಾಣುವುದಾಗಿದ್ದರೆ ಇಷ್ಟಲಿಂಗವನ್ನು ಕರಸ್ಥಲದಲ್ಲಿರಿಸಿ, ತೆರೆದ ಕಣ್ಣಿನಿಂದ ನಿಟ್ಟಿಸಿ ಅನುಸಂಧಾನ ಮಾಡಬೇಕೆಂದು ಅವರೇಕೆ ಕಲಿಸುತ್ತಿದ್ದರು?

ಕಣ್ಣಿಲ್ಲದವರ ಗತಿಯೇನು ಎಂಬ ಪ್ರಶ್ನೆಗೆ ಗದುಗಿನ ವೀರೇಶ್ವರ ಪುಣ್ಯಾಶ್ರಮವೇ ಉತ್ತರ. ಗಾನಯೋಗಿ ಪಂಚಾಕ್ಷರ ಗವಾಯಿಗಳು (1892–1944) ಅಂಧರು. ಹಾನಗಲ್ಲ ಕುಮಾರ ಶಿವಯೋಗಿಗಳ ಕೃಪೆಯಲ್ಲಿ ಬೆಳೆದವರು. ಅವರ ಶಿಷ್ಯರಾದ ಪುಟ್ಟರಾಜ ಗವಾಯಿಗಳೂ (1914–2010) ಅಂಧರೇ. ಆ ಆಶ್ರಮದಲ್ಲಿ ಅಂಧ ಬಾಲಕರಿಗೆ ದೊರೆತದ್ದು ಸಂಗೀತದ ಕಠಿಣ ಅಭ್ಯಾಸ. ಷಟ್‌ಸ್ಥಲದಲ್ಲಿ ಪ್ರಸಾದಲಿಂಗಕ್ಕೆ ಶ್ರೋತ್ರವೇ ಮುಖ, ಶಬ್ದವೇ ಅರ್ಪಿತ. ರೂಪದ ಬಾಗಿಲು ಮುಚ್ಚಿದವರು ನಾದದ ಬಾಗಿಲಿನಿಂದ ನಡೆದು ನಾಡಿಗೆ ಬೆಳಕಾದರು. ಮೂರನೆಯ ಕಣ್ಣನ್ನು ತೆರೆಸುವವರು ನಿಜವಂತರಾಗಿದ್ದರೆ ಮೊದಲು ಹೋಗಬೇಕಾದುದು ಅಂಧರ ಶಾಲೆಗಳಿಗೆ. ಎರಡು ಕಣ್ಣೂ ನೆಟ್ಟಗಿರುವ ಮಕ್ಕಳನ್ನೇ ಇವರು ಆರಿಸಿಕೊಳ್ಳುವುದೇಕೆ?

ಕಾರಣ ಸರಳವಾಗಿದೆ. ಪಟ್ಟಿಯನ್ನು ಎಷ್ಟೇ ಬಿಗಿಯಾಗಿ ಕಟ್ಟಿದರೂ ಮೂಗಿನ ಎರಡು ಪಕ್ಕಗಳಲ್ಲಿ ಸಂದು ಉಳಿಯುತ್ತದೆ. ಅದರ ಮೂಲಕ ಕೆಳಗೆ ಹಿಡಿದ ಪುಸ್ತಕ ಕಾಣುತ್ತದೆ. ಆ ಸಂದಿಗೆ ಹತ್ತಿ ತುಂಬಿರಿ, ಅಥವಾ ಮಗುವಿನ ಗಲ್ಲದ ಕೆಳಗೆ ಒಂದು ರಟ್ಟನ್ನು ಅಡ್ಡ ಹಿಡಿಯಿರಿ. ದಿವ್ಯದೃಷ್ಟಿಯು ಆ ಕ್ಷಣವೇ ಮಾಯವಾಗುತ್ತದೆ! ನಡುಮಿದುಳನ್ನು ಎಚ್ಚರಿಸುತ್ತೇವೆಂಬುದೂ ಬರಿಯ ಮಾತು. ಬೆಳಕು ಬಿದ್ದಾಗ ಕಣ್ಣಿನ ಪಾಪೆ ಕಿರಿದಾಗುವ ಕ್ರಿಯೆಯು ನಡೆಯುವುದು ನಡುಮಿದುಳಿನ ಮೂಲಕವೇ. ನಿದ್ರಿಸದ ಅಂಗವನ್ನು ಎಬ್ಬಿಸಲು ಹಣವೇಕೆ?

ಹಣ ಹೋದರೆ ಮತ್ತೆ ಗಳಿಸಬಹುದು. ಇದಕ್ಕಿಂತ ದೊಡ್ಡ ನಷ್ಟ ಬೇರೊಂದಿದೆ. ಸಂದಿನಿಂದ ಇಣುಕಿ ನೋಡಿದೆನೆಂಬುದು ಮಗುವಿಗೆ ಗೊತ್ತು. ಆದರೂ ಸಭೆ ಚಪ್ಪಾಳೆ ತಟ್ಟುತ್ತದೆ, ತಾಯಿಯ ಕಣ್ಣಲ್ಲಿ ಆನಂದಬಾಷ್ಪ ತುಂಬುತ್ತದೆ, ಮಗು ಬಾಯಿ ಮುಚ್ಚಿಕೊಳ್ಳುತ್ತದೆ. ಸುಳ್ಳಿಗೆ ಪ್ರೀತಿ ದೊರೆಯುತ್ತದೆ, ನಿಜ ಹೇಳಿದರೆ ಆ ಪ್ರೀತಿ ತಪ್ಪುತ್ತದೆ ಎಂಬ ಪಾಠವನ್ನು ಅದು ಎಂಟು ಹತ್ತರ ವಯಸ್ಸಿನಲ್ಲಿಯೇ ಕಲಿಯುತ್ತದೆ. ಸತ್ಯವನ್ನೇ ಆಚಾರದ ಬುನಾದಿಯಾಗಿರಿಸಿದ ಶರಣರ ಮಕ್ಕಳಿಗೆ ಇದಕ್ಕಿಂತ ಮಿಗಿಲಾದ ಅಪಚಾರವುಂಟೇ? ಅಂತರಂಗದ ಕಣ್ಣನ್ನು ತೆರೆಸುತ್ತೇವೆಂದು ಹೊರಟವರು ಅಂತರಂಗದ ಸಾಕ್ಷಿಗೇ ಪಟ್ಟಿ ಕಟ್ಟುತ್ತಿದ್ದಾರೆ.

ಮೂಡಲಪಾಳ್ಯ, ವಿಜಯನಗರ, ಬಸವೇಶ್ವರನಗರದಂತಹ ಬಡಾವಣೆಗಳಲ್ಲಿ ಮಿತವಾದ ಸಂಬಳದಲ್ಲಿಯೇ ಶಾಲೆಯ ಶುಲ್ಕವನ್ನು ಹೊಂದಿಸುವ ತಂದೆತಾಯಿಗಳು ಎಷ್ಟೋ ಜನರಿದ್ದಾರೆ. ಮಗ ಮುಂದೆ ಬರಲೆಂಬ ಅವರ ಆಸೆ ತಪ್ಪಲ್ಲ. ಆ ಆಸೆಯನ್ನು ಸುಲಿಯುವುದು ತಪ್ಪು. ಇಂತಹ ಪ್ರದರ್ಶನಗಳಿಗೆ ಸಮುದಾಯ ಭವನಗಳಾಗಲಿ, ಶಾಲೆಗಳಾಗಲಿ, ಮಠದ ಅಂಗಳಗಳಾಗಲಿ ಎಡೆಗೊಡಬಾರದು. ಮಗುವಿನ ಕಣ್ಣಿಗೆ ಕಟ್ಟಿದ ಪಟ್ಟಿಯನ್ನು ಬಿಚ್ಚಿರಿ. ಅದನ್ನು ಕಣ್ಣಿನ ವೈದ್ಯರಿಗೊಮ್ಮೆ ತೋರಿಸಿರಿ, ಬೆಳಕಿನಲ್ಲಿ ಕುಳ್ಳಿರಿಸಿ ಓದಿಸಿರಿ, ಕಂಡದ್ದನ್ನು ಕಂಡಂತೆ ಹೇಳಲು ಕಲಿಸಿರಿ. ಶಿವನು ಕೊಟ್ಟ ಎರಡು ಕಣ್ಣುಗಳನ್ನು ನಿಜಕ್ಕೆ ತೆರೆದಿಡುವುದೇ ಶಿವಲಿಂಗಕ್ಕೆ ಸಲ್ಲುವ ರೂಪಾರ್ಪಣ.