ಸಿನಿಮಾದ ಹೆಸರನ್ನು ಧಾರಾವಾಹಿಗೆ ಇಡಬಹುದೇ?

ರಾಜಾಜಿನಗರದ ನವರಂಗ್, ಮಾಗಡಿ ರಸ್ತೆಯ ಪ್ರಸನ್ನ, ವೀರೇಶ್ ಚಿತ್ರಮಂದಿರಗಳ ಪೋಸ್ಟರ್ ನೋಡುತ್ತ ಬೆಳೆದ ಬಡಾವಣೆಗಳು ವಿಜಯನಗರ, ಬಸವೇಶ್ವರನಗರ. ಈಚಿನ ವರ್ಷಗಳಲ್ಲಿ ಇಲ್ಲಿನ ಮನೆಗಳಲ್ಲಿ ಸಂಜೆಯಾದರೆ ಹಳೆಯ ಸಿನಿಮಾ ಹೆಸರುಗಳು ಟಿವಿಯಲ್ಲಿ ಮತ್ತೆ ಕಾಣಿಸಿಕೊಂಡಿವೆ: ‘ಜೊತೆ ಜೊತೆಯಲಿ’ (ಸಿನಿಮಾ 2006, ಧಾರಾವಾಹಿ 2019), ‘ಅಮೃತಧಾರೆ’ (2005, 2023), ‘ಕೆಂಡಸಂಪಿಗೆ’ (2015, 2022), ‘ಶ್ರಾವಣಿ ಸುಬ್ರಮಣ್ಯ’ (2013, 2024). ಕಥೆ ಬೇರೆ, ಹೆಸರು ಒಂದೇ. ಇದು ಸರಿಯೇ?

ಪರ: ಹೆಸರು ಯಾರಪ್ಪನ ಆಸ್ತಿ?

ಮೊದಲು ಕಾನೂನಿನ ಮಾತು. ಹಿಂದಿಯ ‘ದೇಸಿ ಬಾಯ್ಸ್’ ಚಿತ್ರದ ಹೆಸರಿನ ಜಗಳ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತ್ತು. ಬರೀ ಶೀರ್ಷಿಕೆಗೆ ಕೃತಿಸ್ವಾಮ್ಯ ಇಲ್ಲವೆಂದು 2015ರಲ್ಲಿ ತೀರ್ಪು ಬಂತು. ಕಥೆ ಎತ್ತಿದರೆ ಕಳ್ಳತನ, ಒಂದೆರಡು ಪದ ಎತ್ತಿದರೆ ಅಲ್ಲ.

ಇನ್ನು, ಸಿನಿಮಾದವರೇನು ಈ ಹೆಸರುಗಳನ್ನೆಲ್ಲ ತಾವೇ ಹುಟ್ಟಿಸಿದರೇ? ‘ಜೊತೆ ಜೊತೆಯಲಿ’ ಎಂದೊಡನೆ ಶಂಕರ್‌ನಾಗ್ ಅವರ 1981ರ ‘ಗೀತಾ’ ಚಿತ್ರದ ಹಾಡು ನೆನಪಾಗದ ಕನ್ನಡಿಗರುಂಟೇ? ಆ ‘ಗೀತಾ’ ಎಂಬ ಹೆಸರೂ 2019ರಲ್ಲಿ ಗಣೇಶ್ ಚಿತ್ರಕ್ಕೆ, 2020ರಲ್ಲಿ ಧಾರಾವಾಹಿಗೆ ಬಂತು. ತ.ರಾ.ಸು. ಕಾದಂಬರಿಗಳಿಂದ ಪುಟ್ಟಣ್ಣ ಕಣಗಾಲ್ 1972ರಲ್ಲಿ ‘ನಾಗರಹಾವು’ ತೆಗೆದರು. ಅದರ ನಾಯಕ ರಾಮಾಚಾರಿಯ ಹೆಸರು 1991ರಲ್ಲಿ ರವಿಚಂದ್ರನ್ ಚಿತ್ರದ ಶೀರ್ಷಿಕೆಯಾಯಿತು, 2014ರಲ್ಲಿ ಯಶ್ ಚಿತ್ರಕ್ಕೂ ಸೇರಿತು, 2022ರಲ್ಲಿ ಧಾರಾವಾಹಿಯಾಯಿತು. ಹೆಸರುಗಳು ಹೀಗೆ ಕೈಯಿಂದ ಕೈಗೆ ಸಾಗುತ್ತಲೇ ಬಂದಿವೆ.

‘ಯಜಮಾನ’ 2000ದಲ್ಲಿ ವಿಷ್ಣುವರ್ಧನ್ ಚಿತ್ರ, 2019ರಲ್ಲಿ ದರ್ಶನ್ ಚಿತ್ರ. ಇದರಿಂದ ಮೊದಲನೆಯದರ ತೂಕ ಇಳಿಯಿತೇ? ಕೆಂಗೇರಿಯ ಅಭಿಮಾನ್ ಸ್ಟುಡಿಯೊದಲ್ಲಿ ವಿಷ್ಣು ಅಂತ್ಯಸಂಸ್ಕಾರ ನಡೆದ ಜಾಗಕ್ಕಾಗಿ ವರ್ಷಗಟ್ಟಲೆ ಹೋರಾಡಿದ ಅಭಿಮಾನಿಗಳನ್ನು ಕೇಳಿ ನೋಡಿ, ಯಜಮಾನ ಯಾರೆಂದು.

ವೀಕ್ಷಕರನ್ನು ದಡ್ಡರೆಂದೂ ತಿಳಿಯಬೇಡಿ. ಸಂಜೆ ‘ಅಮೃತಧಾರೆ’ ಹಾಕು ಎನ್ನುವ ಅಜ್ಜಿಗೆ ಬೇಕಿರುವುದು ರಾಜೇಶ್ ನಟರಂಗ–ಛಾಯಾ ಸಿಂಗ್ ಜೋಡಿ. ಸಿನಿಮಾದ ಧ್ಯಾನ್–ರಮ್ಯಾ ಅಲ್ಲ ಎಂಬುದು ಮೊಮ್ಮಕ್ಕಳಿಗೂ ಗೊತ್ತು. ಗೊಂದಲವೇ ಇಲ್ಲದ ಮೇಲೆ ಮೋಸ ಎಲ್ಲಿಂದ ಬಂತು?

ವಿರೋಧ: ಹೆಸರಿನ ಹಿಂದೆ ದುಡಿಮೆಯಿದೆ

ಕಾನೂನು ಸುಮ್ಮನಿದ್ದ ಮಾತ್ರಕ್ಕೆ ಮರ್ಯಾದೆಯನ್ನೂ ಬಿಡಬೇಕೇ? ಸಿನಿಮಾ ತೆಗೆಯುವವರು ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಶೀರ್ಷಿಕೆ ನೋಂದಾಯಿಸುತ್ತಾರೆ. ತಮಗೆ ಬೇಕಾದ ಹೆಸರು ಇನ್ನೊಬ್ಬರ ಬಳಿ ಇದ್ದರೆ ಕೇಳಿ ಒಪ್ಪಿಸಿಕೊಳ್ಳುತ್ತಾರೆ. ಹಿರಿತೆರೆಯವರು ತಮ್ಮತಮ್ಮಲ್ಲಿ ಇಟ್ಟುಕೊಂಡ ಈ ಶಿಸ್ತು ಕಿರುತೆರೆಗೇಕೆ ಬೇಡ?

ನಾಗತಿಹಳ್ಳಿ ಚಂದ್ರಶೇಖರ್ ತಮ್ಮ ಸಿನಿಮಾಕ್ಕೆ ‘ಅಮೃತಧಾರೆ’ ಎಂದು ಸುಮ್ಮನೆ ಹೆಸರಿಡಲಿಲ್ಲ. ಅವರ ನಾಯಕಿಯೇ ಅಮೃತಾ. ಧಾರಾವಾಹಿಯ ನಾಯಕಿ ಭೂಮಿಕಾ, ಕಥೆಯ ಮೂಲ ಹಿಂದಿಯ ‘ಬಡೇ ಅಚ್ಛೇ ಲಗ್ತೇ ಹೈಂ’. ಕಥೆ ಅಲ್ಲಿಯದು, ಹೆಸರು ಹಳೆಯದು. ಕಡೇಪಕ್ಷ ಹೆಸರಾದರೂ ಸ್ವಂತದ್ದಾಗಿದ್ದರೆ ಏನು ಹೋಗುತ್ತಿತ್ತು?

ಯಜಮಾನನ ಉದಾಹರಣೆ ಕೊಟ್ಟಿರಿ. ಅಲ್ಲಿ ಸಿನಿಮಾಗೆ ಎದುರಾಗಿದ್ದು ಸಿನಿಮಾ. ಎರಡೂ ಎರಡೂವರೆ–ಮೂರು ಗಂಟೆಯವೇ. ಧಾರಾವಾಹಿ ಹಾಗಲ್ಲ, ವಾರಕ್ಕೆ ಐದಾರು ದಿನದಂತೆ ವರ್ಷಗಟ್ಟಲೆ ಮನೆಯೊಳಗೇ ಕೂರುತ್ತದೆ. ಎಸ್. ಮಹೇಂದರ್–ಶ್ರುತಿ ಜೋಡಿಯ ‘ಗಟ್ಟಿಮೇಳ’ 2001ರದು. ಅದೇ ಹೆಸರಿನ ಧಾರಾವಾಹಿ 2019ರಿಂದ 2024ರವರೆಗೆ ಓಡಿತು. ಈಗ ಯೂಟ್ಯೂಬ್‌ನಲ್ಲಿ ಆ ಸಿನಿಮಾ ಬೇಕೆಂದರೆ ಬರೀ ಹೆಸರು ಸಾಲದು. ಇಸವಿಯನ್ನೋ ನಟರನ್ನೋ ಜೊತೆಗೆ ಸೇರಿಸಬೇಕು. ‘ಗೀತಾ’ವನ್ನು ಕಾಯಲು ಶಂಕರ್‌ನಾಗ್ ಅಭಿಮಾನಿಗಳಿದ್ದಾರೆ, ‘ಯಜಮಾನ’ನಿಗೆ ವಿಷ್ಣು ಅಭಿಮಾನಿಗಳಿದ್ದಾರೆ. ಅಂಥ ಬಳಗವಿಲ್ಲದ ಸಾಧಾರಣ ಚಿತ್ರಕ್ಕೆ ಹೆಸರೊಂದೇ ಗುರುತು. ಹೆಸರು ಕೈಬದಲಾದಾಗ ಪೆಟ್ಟು ಬೀಳುವುದು ಇಂಥ ಚಿತ್ರಗಳಿಗೇ.

ಕಥೆ ಒಂದೇ ಆದರೆ ಹೆಸರೂ ಒಂದೇ ಇರಲಿ, ತಕರಾರಿಲ್ಲ. ಭೈರಪ್ಪನವರ ‘ಗೃಹಭಂಗ’ವನ್ನು ಗಿರೀಶ ಕಾಸರವಳ್ಳಿ ಕಿರುತೆರೆಗೆ ತಂದಾಗ ಹೆಸರೂ ನ್ಯಾಯವಾಗಿಯೇ ಜೊತೆಗೆ ಬಂತು. ಕಥೆ ಬೇರೆಯಾದರೆ ಹೆಸರೂ ಬೇರೆಯಿರಲಿ. ಹೊಸ ಹೆಸರು ಜನರ ಬಾಯಿಗೆ ಹತ್ತುವುದಿಲ್ಲವೆಂದು ಯಾರೂ ಹೆದರಬೇಕಿಲ್ಲ. ಹಿಂದಿಯ ‘ಬಾಲಿಕಾ ವಧು’ ಧಾರಾವಾಹಿಯ ಹೆಸರು 1976ರ ಸಿನಿಮಾವೊಂದರ ಹೆಸರೇ. ಕನ್ನಡದವರು ಅದನ್ನು ‘ಪುಟ್ಟಗೌರಿ ಮದುವೆ’ ಮಾಡಿದರು, ಅದು ಮನೆಮಾತಾಯಿತು.

ಹಳೆಯ ಹೆಸರೇ ಬೇಕೆಂದರೆ ಆ ಚಿತ್ರದವರನ್ನು ಒಂದು ಮಾತು ಕೇಳಲಿ. ಧಾರಾವಾಹಿಯ ಶುರುವಿನಲ್ಲಿ ಚಿತ್ರದ ನಿರ್ದೇಶಕರ, ನಿರ್ಮಾಪಕರ ಹೆಸರು ಹಾಕಿ ಕೃತಜ್ಞತೆ ಹೇಳಲಿ. ವಾಹಿನಿಗೆ ಅದರಿಂದ ಆಗುವ ಖರ್ಚು ಏನೂ ಇಲ್ಲ.