ವಿರಾಮಚಿಹ್ನೆಗಳಿಗೆ ದನಿ ಕೊಟ್ಟವನು

ಗಂಭೀರವದನನಾದ ಪಿಯಾನೋವಾದಕನೊಬ್ಬ ರಂಗದ ಮೇಲೆ ಬಂದು ಕುಳಿತುಕೊಳ್ಳುತ್ತಾನೆ. ಎದುರಿಗೆ ಸ್ವರಲಿಪಿಯ ಹಾಳೆಗಳನ್ನು ಹರಡಿಕೊಂಡು ನುಡಿಸತೊಡಗುತ್ತಾನೆ. ಹೊರಡುವ ನಾದವೋ ವಿಚಿತ್ರ. ಇದಾವ ಸಂಗೀತವೆಂದು ಸಭಿಕರು ಮುಖಮುಖ ನೋಡಿಕೊಳ್ಳುತ್ತಾರೆ. ಅವನಿಗೂ ಸಂಶಯ ಹುಟ್ಟುತ್ತದೆ. ಹಾಳೆಯನ್ನು ಒಮ್ಮೆ ದಿಟ್ಟಿಸಿ ನೋಡಿ, ತಲೆಕೆಳಗಾಗಿದ್ದ ಅದನ್ನು ನೆಟ್ಟಗೆ ತಿರುಗಿಸಿಟ್ಟು ಮತ್ತೆ ಬೆರಳಾಡಿಸುತ್ತಾನೆ. ಈ ಸಲ ಕೇಳಿಬರುವುದು ರೊಸ್ಸಿನಿಯ ಸುಪ್ರಸಿದ್ಧ 'ವಿಲಿಯಂ ಟೆಲ್' ಸಂಗೀತ! ಸಭೆ ನಕ್ಕು ನಕ್ಕು ಸುಸ್ತಾಗುತ್ತದೆ. ಆದರೆ ತಪ್ಪನ್ನು ಅಷ್ಟು ಸೊಗಸಾಗಿ ನುಡಿಸಬೇಕಾದರೆ ಒಪ್ಪನ್ನು ಚೆನ್ನಾಗಿ ಬಲ್ಲವನೇ ಆಗಿರಬೇಕಷ್ಟೆ.

ಈತನೇ ಡೆನ್ಮಾರ್ಕಿನ ವಿಕ್ಟರ್ ಬೋರ್ಗೆ. ಹುಟ್ಟುಹೆಸರು ಬೋರ್ಗೆ ರೋಸೆನ್‌ಬಾಮ್. ಜನನ 1909ರ ಜನವರಿ 3, ಕೋಪನ್‌ಹೇಗನ್ ನಗರದ ಒಂದು ಯೆಹೂದಿ ಮನೆತನದಲ್ಲಿ. ತಂದೆ ರಾಯಲ್ ಡ್ಯಾನಿಷ್ ವಾದ್ಯವೃಂದದಲ್ಲಿ ವಯೋಲಾವಾದಕ, ತಾಯಿ ಪಿಯಾನೋವಾದಕಿ. ಎಂಟನೆಯ ವಯಸ್ಸಿನಲ್ಲೇ ಕಚೇರಿ ನಡೆಸಿದ ಬಾಲಕನಿಗೆ 1918ರಲ್ಲಿ ರಾಜಧಾನಿಯ ಸಂಗೀತ ವಿದ್ಯಾಲಯದ ವಿದ್ಯಾರ್ಥಿವೇತನ ದೊರೆಯಿತು. ಹಿಡಿದ ದಾರಿಯಲ್ಲೇ ನಡೆದಿದ್ದರೆ ಅವನೊಬ್ಬ ಗಣ್ಯ ವಾದಕನಾಗಿ ಮುಗಿಯುತ್ತಿದ್ದ. ಆದರೆ ನಡುನಡುವೆ ಮಾತನಾಡುವ ಚಪಲ ಅವನನ್ನು ಬಿಡಲಿಲ್ಲ.

ಆ ಮಾತೇ ಮುಂದೆ ಪ್ರಾಣಕ್ಕೆ ಸಂಚಕಾರ ತರುವಂತಾಯಿತು. ನಾಜಿಗಳನ್ನು ರಂಗದ ಮೇಲೆ ಹಾಸ್ಯಮಾಡುತ್ತಿದ್ದ ಯೆಹೂದಿಯನ್ನು ಅವರು ಮರೆಯುವವರಲ್ಲ. 1940ರ ಏಪ್ರಿಲ್ 9ರಂದು ಜರ್ಮನ್ ಸೈನ್ಯ ಡೆನ್ಮಾರ್ಕನ್ನು ಆಕ್ರಮಿಸಿದಾಗ, ಪುಣ್ಯವಶಾತ್ ಅವನು ಸ್ವೀಡನ್ನಿನಲ್ಲಿ ಕಾರ್ಯಕ್ರಮ ನೀಡುತ್ತಿದ್ದ. ಅಲ್ಲಿಂದ ಫಿನ್‌ಲೆಂಡಿಗೆ ದಾಟಿ, ಪೆಟ್ಸಾಮೋ ಬಂದರಿನಲ್ಲಿ ಅಮೆರಿಕನ್ ಹಡಗನ್ನು ಹಿಡಿದು, ಆಗಸ್ಟ್ 28ರಂದು ನ್ಯೂಯಾರ್ಕಿನಲ್ಲಿಳಿದ. ಕೈಯಲ್ಲಿದ್ದುದು ಇಪ್ಪತ್ತು ಡಾಲರು. ಅದರಲ್ಲಿ ಮೂರು ಸುಂಕಕ್ಕೆ ಹೋಯಿತು. ಆಕ್ರಮಿತ ಡೆನ್ಮಾರ್ಕಿಗೆ ಅವನು ಮರಳಿ ಕಾಲಿಟ್ಟುದು ಒಂದೇ ಸಲವಂತೆ. ಅದೂ ನಾವಿಕನ ವೇಷದಲ್ಲಿ, ಮರಣಶಯ್ಯೆಯಲ್ಲಿದ್ದ ತಾಯಿಯ ಮುಖ ನೋಡಲು.

ಹೊಸ ನಾಡಿನಲ್ಲಿ ಹಾಸ್ಯಗಾರನಿಗೆ ಎದುರಾದ ಮೊದಲ ಶತ್ರು ಭಾಷೆ. ಗಾಯಕ ಹಾಡಿ ಬದುಕಬಲ್ಲ, ಚಿತ್ರಗಾರ ಬರೆದು ಬದುಕಬಲ್ಲ. ಮಾತೇ ಬಂಡವಾಳವಾದವನು ಮಾತು ಬಾರದ ಊರಿನಲ್ಲಿ ಏನು ಮಾಡಬೇಕು? ಬೋರ್ಗೆ ಸಿನಿಮಾ ಮಂದಿರಗಳಲ್ಲಿ ಕುಳಿತು, ಚಿತ್ರಗಳನ್ನು ನೋಡಿ ನೋಡಿ ಇಂಗ್ಲಿಷ್ ಕಲಿತ. 1941ರಲ್ಲಿ ರೂಡಿ ವ್ಯಾಲೀ, ಅನಂತರ ಬಿಂಗ್ ಕ್ರಾಸ್ಬಿಯವರ ರೇಡಿಯೋ ಕಾರ್ಯಕ್ರಮಗಳಲ್ಲಿ ಅವನ ಧ್ವನಿ ಕೇಳಿಬಂತು.

ಕಲಿತ ಭಾಷೆಯನ್ನು ಹೊರಗಿನವನ ಕಿವಿಯಿಂದ ಕೇಳಿದುದೇ ಅವನ ಭಾಗ್ಯವೆನ್ನಬೇಕು. ಬರೆಹದಲ್ಲಿರುವ ವಿರಾಮಚಿಹ್ನೆಗಳು ಓದುವಾಗೇಕೆ ಮೌನವಾಗಿರಬೇಕೆಂದು ಕೇಳಿ, ಅಲ್ಪವಿರಾಮಕ್ಕೊಂದು, ಪೂರ್ಣವಿರಾಮಕ್ಕೊಂದು, ಭಾವಸೂಚಕ ಚಿಹ್ನೆಗೆ ಮತ್ತೊಂದು ಬಾಯಿಸದ್ದನ್ನು ಕಲ್ಪಿಸಿದ. ಪ್ರಣಯದ ಕಥೆಯೊಂದನ್ನು ಈ ಸದ್ದುಗಳೊಡನೆ ಓದಿದರೆ ಪ್ರಣಯದ ಗತಿ ಏನಾದೀತು! ಬೆಲೆಗಳೆಲ್ಲ ಏರುವಾಗ ಪದಗಳೊಳಗಿನ ಸಂಖ್ಯೆಗಳೂ ಏರಬೇಡವೇ ಎಂಬುದು ಅವನ ಮತ್ತೊಂದು ವಾದ. ಹೀಗೆ 'ವಂಡರ್‌ಫುಲ್' ಪದದೊಳಗಿನ ಒಂದು ಎರಡಾಗಿ 'ಟೂಡರ್‌ಫುಲ್' ಆಯಿತು; 'ಫೋರ್‌ಹೆಡ್' ಇದ್ದಕ್ಕಿದ್ದಂತೆ 'ಫೈವ್‌ಹೆಡ್' ಆಯಿತು. ಆ ಭಾಷೆಯಲ್ಲೇ ಹುಟ್ಟಿ ಬೆಳೆದವನಿಗೆ ಇದು ಕಾಣಿಸುವುದು ಕಷ್ಟ.

1946ರಲ್ಲಿ ಎನ್‌ಬಿಸಿ ಸಂಸ್ಥೆ ಅವನ ಹೆಸರಿನಲ್ಲೇ ರೇಡಿಯೋ ಕಾರ್ಯಕ್ರಮ ಆರಂಭಿಸಿತು. 1951ರಲ್ಲಿ ಟೆಲಿವಿಷನ್ನಿನಲ್ಲೂ ಅವನೇ ಆತಿಥೇಯ. ಆದರೆ ಅವನ ಕೀರ್ತಿಯ ಶಿಖರವೆಂದರೆ 'ಕಾಮೆಡಿ ಇನ್ ಮ್ಯೂಸಿಕ್'. 1953ರ ಅಕ್ಟೋಬರಿನಲ್ಲಿ ನ್ಯೂಯಾರ್ಕಿನ ಗೋಲ್ಡನ್ ಥಿಯೇಟರಿನಲ್ಲಿ ಮೊದಲಾದ ಈ ಏಕಾಂಗಿ ಪ್ರದರ್ಶನ 1956ರ ಜನವರಿಯವರೆಗೆ 849 ಸಲ ನಡೆಯಿತು. ಒಬ್ಬ ಮನುಷ್ಯ, ಒಂದು ಪಿಯಾನೋ, ಬೇರೇನೂ ಇಲ್ಲ. ನಡುವೆ ಒಮ್ಮೆ ಕನೆಕ್ಟಿಕಟ್ಟಿನಲ್ಲಿ ಜಮೀನು ಕೊಂಡು ಕೋಳಿ ಸಾಕಿದನೆಂಬುದೂ ನಿಜವೇ, ಹಾಸ್ಯವಲ್ಲ.

ನಗೆಯ ಮರೆಯಲ್ಲಿ ಒಂದು ಋಣದ ನೆನಪಿತ್ತು. 1943ರಲ್ಲಿ ಡೆನ್ಮಾರ್ಕಿನ ಸಾಮಾನ್ಯ ಜನ ಏಳು ಸಾವಿರಕ್ಕೂ ಮೀರಿದ ಯೆಹೂದಿಗಳನ್ನು ದೋಣಿಗಳಲ್ಲಿ ಸ್ವೀಡನ್ನಿಗೆ ದಾಟಿಸಿ ಉಳಿಸಿದ್ದರು. ಅದಕ್ಕೆ ಕೃತಜ್ಞತೆಯಾಗಿ 1963ರಲ್ಲಿ ಬೋರ್ಗೆ, ರಿಚರ್ಡ್ ನೆಟರ್ ಎಂಬ ವಕೀಲನೊಡನೆ ಸೇರಿ, ಸ್ಕ್ಯಾಂಡಿನೇವಿಯದ ವಿದ್ಯಾರ್ಥಿಗಳಿಗಾಗಿ ವಿದ್ಯಾರ್ಥಿವೇತನದ ನಿಧಿಯೊಂದನ್ನು ಸ್ಥಾಪಿಸಿದ.

1992ರಲ್ಲಿ, ಎಂಬತ್ತಮೂರರ ವಯಸ್ಸಿನಲ್ಲಿ, ರಾಯಲ್ ಡ್ಯಾನಿಷ್ ವಾದ್ಯವೃಂದವನ್ನು ನಿರ್ದೇಶಿಸುವ ಆಹ್ವಾನ ಬಂದಿತು. ಎಷ್ಟೋ ಪ್ರಸಿದ್ಧ ವೃಂದಗಳನ್ನು ನಡೆಸಿದ್ದವನು ಈ ಒಂದು ಆಹ್ವಾನಕ್ಕೆ ಮಾತ್ರ ಸಂಕೋಚದಿಂದ ಕುಗ್ಗಿದ. ತಂದೆ ವಯೋಲಾ ಹಿಡಿದು ಕೂರುತ್ತಿದ್ದ ವೃಂದವಲ್ಲವೇ ಅದು! 2000ದ ಡಿಸೆಂಬರಿನಲ್ಲಿ ಡೆನ್ಮಾರ್ಕಿನಲ್ಲಿ ಇನ್ನೊಂದು ಕಚೇರಿ ಮುಗಿಸಿ ಅಮೆರಿಕಕ್ಕೆ ಹಿಂದಿರುಗಿ, 23ರಂದು ಗ್ರೀನಿಚ್‌ನ ತನ್ನ ಮನೆಯಲ್ಲಿ, ಮಲಗಿದಲ್ಲಿಯೇ ತೀರಿಕೊಂಡ. ಇನ್ನು ಹನ್ನೊಂದು ದಿನ ಕಳೆದಿದ್ದರೆ ಅವನಿಗೆ ತೊಂಬತ್ತೆರಡು ತುಂಬುತ್ತಿತ್ತು.