ಮರಳಿನೊಳಗಿನ ಜಯಮಂಗಲಿ

ಮಧುಗಿರಿ, ಕೊರಟಗೆರೆ ಕಡೆಯ ವಿದ್ಯಾರ್ಥಿಗಳನ್ನು ‘ನಿಮ್ಮ ಸೀಮೆಯ ನದಿ ಯಾವುದು?’ ಎಂದು ಕೇಳಿ ನೋಡಿ. ಕೆಲವರು ಕಾವೇರಿ ಎಂದಾರು, ಕೆಲವರು ಕೃಷ್ಣೆ ಎಂದಾರು. ಬಸ್ಸಿನಲ್ಲಿ ಸೇತುವೆ ದಾಟುವಾಗ ಕೆಳಗೆ ಕಾಣುವ ಮರಳಿನ ಹಾಸೂ ಒಂದು ನದಿಯೇ ಎಂಬುದು ಹೊಳೆಯುವುದಿಲ್ಲ. ಅದರ ಹೆಸರು ಜಯಮಂಗಲಿ.

ಈ ನದಿ ಹುಟ್ಟುವುದು ತುಮಕೂರಿನ ಬಳಿಯ ದೇವರಾಯನದುರ್ಗದ ಬೆಟ್ಟಗಳಲ್ಲಿ. ಶಿಂಷಾ ನದಿಯ ತವರೂ ಅದೇ. ಶಿಂಷಾ ದಕ್ಷಿಣಕ್ಕೆ ಹರಿದು ಕಾವೇರಿಯನ್ನು ಸೇರಿದರೆ, ಜಯಮಂಗಲಿ ಉತ್ತರದ ಹಾದಿ ಹಿಡಿಯುತ್ತದೆ. ಹೀಗೆ ಮಳೆನೀರನ್ನು ಬೇರೆ ಬೇರೆ ದಿಕ್ಕಿಗೆ ಹಂಚುವ ಎತ್ತರದ ನೆಲವೇ ಜಲವಿಭಾಜಕ. ಶಿರಾ ತಾಲ್ಲೂಕಿನ ಗೌಡಗೆರೆ ಕಡೆ ಬಿದ್ದ ಮಳೆಗೆ ಇನ್ನೊಂದು ದಾರಿ: ಅದು ವೇದಾವತಿಯನ್ನು ಸೇರಿ, ತುಂಗಭದ್ರೆಯ ಮೂಲಕ ಕೃಷ್ಣೆಗೆ ಹೋಗುತ್ತದೆ.

ಕೊರಟಗೆರೆ, ಮಧುಗಿರಿ ತಾಲ್ಲೂಕುಗಳನ್ನು ಹಾಯ್ದ ಜಯಮಂಗಲಿ, ಆಂಧ್ರದ ಹಿಂದೂಪುರದ ಹತ್ತಿರ ಪರಿಗಿಯ ಬಳಿ ಉತ್ತರ ಪಿನಾಕಿನಿಯನ್ನು ಕೂಡಿಕೊಳ್ಳುತ್ತದೆ. ನಂದಿ ಬೆಟ್ಟಗಳ ಸೀಮೆಯಿಂದ ಬಂದ ಪಿನಾಕಿನಿ ಅಲ್ಲಿಂದ ಮುಂದೆ ಪಾವಗಡ ತಾಲ್ಲೂಕಿನ ನಾಗಲಮಡಿಕೆಯಲ್ಲಿ ಮತ್ತೊಮ್ಮೆ ಕರ್ನಾಟಕದ ನೆಲ ಮುಟ್ಟಿ, ಕೊನೆಗೆ ನೆಲ್ಲೂರಿನ ಆಚೆ ಬಂಗಾಳ ಕೊಲ್ಲಿಗೆ ಇಳಿಯುತ್ತದೆ. ಅಂತೂ ಒಂದೇ ಜಿಲ್ಲೆಯ ಮಳೆನೀರು ಕಾವೇರಿ, ಕೃಷ್ಣೆ, ಪಿನಾಕಿನಿ ಮೂವರಿಗೂ ಪಾಲು!

ವರ್ಷದ ಬಹುಕಾಲ ಒಣಗಿರುತ್ತದೆ ಎಂದ ಮಾತ್ರಕ್ಕೆ ಇದು ನದಿಯಲ್ಲವೆ? ಮೆಡಿಟರೇನಿಯನ್ ಸಮುದ್ರದ ಸೈಪ್ರಸ್ ದ್ವೀಪದಲ್ಲಿ ಅತಿ ಉದ್ದದ ನದಿ ಪೆಡಿಯೋಸ್. ಟ್ರೂಡೋಸ್ ಪರ್ವತದಿಂದ ಇಳಿದು, ರಾಜಧಾನಿ ನಿಕೋಸಿಯಾವನ್ನು ಹಾದು, ಸುಮಾರು 100 ಕಿ.ಮೀ. ಸಾಗುವ ಅದೂ ಬೇಸಿಗೆಯಲ್ಲಿ ಬತ್ತುತ್ತದೆ. ಅಲ್ಲಿ ಚಳಿಗಾಲದ ಮಳೆ ಬಂದರೆ ನೀರು. ಇಲ್ಲಿ ಮುಂಗಾರು, ಹಿಂಗಾರು ಕೈಹಿಡಿದರೆ ನೀರು. 2022ರ ಮಳೆಗಾಲದಲ್ಲಿ ಜಯಮಂಗಲಿ ಉಕ್ಕಿ ಹರಿದದ್ದನ್ನು ದಡದ ಹಳ್ಳಿಗಳವರು ಮರೆತಿಲ್ಲ.

ಹರಿಯದ ದಿನಗಳಲ್ಲೂ ಇಂಥ ನದಿ ಸುಮ್ಮನಿರುವುದಿಲ್ಲ. ಮರಳು ಮಳೆನೀರನ್ನು ಹೀರಿ ಬಚ್ಚಿಡುತ್ತದೆ. ಮೇಲೆ ಮರಳಿನ ಹೊದಿಕೆ ಇರುವುದರಿಂದ ನೀರು ಬಿಸಿಲಿಗೆ ಬೇಗ ಆರಿಹೋಗುವುದಿಲ್ಲ. ಮೆಲ್ಲಗೆ ಇಳಿದು ಸುತ್ತಲಿನ ಬಾವಿಗಳಿಗೆ ಒರತೆಯಾಗುತ್ತದೆ. ಹೀಗೆ ಮರಳು ನೆಲದಲ್ಲಿ ಉಕ್ಕುವ ಒರತೆಯನ್ನು ಕಾಲುವೆಯಲ್ಲಿ ಗದ್ದೆಗೆ ಹಾಯಿಸುವ ಏರ್ಪಾಡಿಗೆ ಈ ಸೀಮೆಯಲ್ಲಿ ‘ತಲಪರಿಗೆ’ ಎಂದು ಹೆಸರು. ಪಂಪಿಲ್ಲ, ವಿದ್ಯುತ್ತಿಲ್ಲ, ಇಳಿಜಾರೇ ಯಂತ್ರ. ಹೂಳು ತೆಗೆಯುವುದು ಊರಿನವರೆಲ್ಲರ ಕೆಲಸ.

ಮರಳನ್ನು ಬರಿದು ಮಾಡಿದರೆ ಈ ಉಗ್ರಾಣವೇ ಇಲ್ಲ. ಆಳದ ಕೊಳವೆಬಾವಿಗಳು ಅಂತರ್ಜಲವನ್ನು ಎಳೆದುಕೊಂಡಂತೆ ಒರತೆಗಳೂ ಬತ್ತಿಹೋಗುತ್ತವೆ. ಲಾರಿಗೆ ತುಂಬಿಸಿದ ಮರಳಿನ ಬೆಲೆ ಕೂಡಲೇ ತಿಳಿಯುತ್ತದೆ; ಅದರ ಜೊತೆಗೆ ಹೋದ ನೀರಿನ ಬೆಲೆ ತಿಳಿಯುವುದು ಬೇಸಿಗೆಯಲ್ಲಿ, ಬಾವಿಗೆ ಕೊಡ ಇಳಿಸಿದಾಗ.

ತಂದೆತಾಯಿಗಳು ಒಂದು ಭಾನುವಾರ ಮಕ್ಕಳೊಡನೆ ತಾಲ್ಲೂಕಿನ ನಕ್ಷೆ ಹಿಡಿದು ಕೂರಲಿ. ಊರಿನ ಹಳ್ಳದ ಮೇಲೆ ಬೆರಳಿಟ್ಟು ಸಮುದ್ರದವರೆಗೆ ಹೋಗಲಿ. ಆಮೇಲೆ ತಾತನನ್ನೋ ಅಜ್ಜಿಯನ್ನೋ ಕೇಳಲಿ: ನಮ್ಮೂರಿನ ತಲಪರಿಗೆ ಎಲ್ಲಿತ್ತು?